ನಕ್ಷೆಯ ತೂತಿನಲ್ಲೊಂದು ಊರು

ಉತ್ತರ ವೇಲ್ಸ್‌ಗೆ ಒಂದು ದಿನದ ಪ್ರವಾಸ ಏರ್ಪಡಿಸುವವರ ಕಾರ್ಯಕ್ರಮ ಹೆಚ್ಚುಕಡಿಮೆ ಒಂದೇ ಅಚ್ಚಿನದು. ಬೆಳಿಗ್ಗೆ ಸ್ಲೇಟುಗಣಿ, ನಡುವೆ ಊಟ, ಮಧ್ಯಾಹ್ನ ಬೆಟ್ಟ, ಕೆರೆ, ಕಡಲು. ಗಣಿ ಅಂದರೆ ಇತಿಹಾಸ, ತಿಳಿವಳಿಕೆ, ಜೊತೆಗೆ ಒಂದಿಷ್ಟು ಸಂಕಟ. ಬೆಟ್ಟ ಅಂದರೆ ನಿಸರ್ಗ, ಹಗುರಾಗುವ ಮನಸ್ಸು, ಫೋಟೊ. ಪ್ರವಾಸಿಯ ಸಮಯಕ್ಕೆ ಈ ಹಂಚಿಕೆ ಅನುಕೂಲವೇ ಸರಿ. ಆದರೆ ಆ ಸೀಮೆಯ ನೆಲ ಇದಕ್ಕೆ ಒಪ್ಪುವುದಿಲ್ಲ. ಅಲ್ಲಿ ನಿಸರ್ಗವೆಂದು ತೋರಿಸುವ ಎಷ್ಟೋ ನೋಟಗಳನ್ನು ಸ್ಲೇಟು ಉದ್ಯಮವೇ ಮಾಡಿಟ್ಟಿದೆ. ಕೈಗಾರಿಕೆಯೆಂದು ತೋರಿಸುವುದು ಆ ಬೆಟ್ಟಗಳ ಹುಟ್ಟಿನಿಂದಲೇ ಬಂದದ್ದು. ಬೆಳಗಿಗೊಂದು ಟಿಕೆಟ್ಟು, ಮಧ್ಯಾಹ್ನಕ್ಕೊಂದು ಟಿಕೆಟ್ಟು ಕೊಂಡವರು ಎರಡನ್ನೂ ಅರ್ಧರ್ಧ ನೋಡಿ ಮರಳುತ್ತಾರೆ.

ಈ ಒಡಕನ್ನು ಹುಟ್ಟಿಸಿದವರು ಪ್ರವಾಸ ಕಂಪನಿಯವರಲ್ಲ, ಅದು ಸರ್ಕಾರಿ ನಕ್ಷೆಯಲ್ಲೇ ಇದೆ. 1951ರಲ್ಲಿ ಸ್ನೋಡೋನಿಯ ರಾಷ್ಟ್ರೀಯ ಉದ್ಯಾನವನ್ನು ಘೋಷಿಸಿದರು. ಈಗ ಅದನ್ನು ಎರರಿ ಎಂಬ ವೆಲ್ಷ್ ಹೆಸರಿನಿಂದಲೇ ಕರೆಯುತ್ತಾರೆ. ಬಂಡೀಪುರ, ನಾಗರಹೊಳೆಗಳ ಅರ್ಥದಲ್ಲಿ ಇದು ರಾಷ್ಟ್ರೀಯ ಉದ್ಯಾನವಲ್ಲ. ಒಳಗೆ ಊರುಗಳಿವೆ, ಕುರಿ ಸಾಕುವವರಿದ್ದಾರೆ, ಬಹುಪಾಲು ಜಮೀನು ಖಾಸಗಿಯವರದು. ಕಟ್ಟಡ ಕಟ್ಟಲು, ನೆಲದ ರೂಪ ಬದಲಿಸಲು ಬಿಗಿ ನಿಯಮಗಳಿವೆ, ಅಷ್ಟೆ. ಎರಡು ಸಾವಿರ ಚದರ ಕಿಲೋಮೀಟರಿಗೂ ಮಿಕ್ಕ ಈ ಉದ್ಯಾನದ ಗಡಿ ಎಳೆದವರು ಒಳಭಾಗದಲ್ಲಿ ಒಂದು ಊರನ್ನು ಮಾತ್ರ ಉದ್ದಿನವಡೆಯ ತೂತಿನಂತೆ ಹೊರಗಿಟ್ಟರು. ಬ್ಲೈನೈ ಫೆಸ್ಟಿನಿಯೋಗ್ ಅದರ ಹೆಸರು. ಸುತ್ತಲೂ ಉದ್ಯಾನ, ನಡುವೆ ಉದ್ಯಾನವಲ್ಲದ ಊರು. ಅದರ ಮನೆಗಳ ಹಿತ್ತಿಲವರೆಗೂ ಇಳಿದುಬಂದಿದ್ದ ಸ್ಲೇಟು ತ್ಯಾಜ್ಯದ ಬೂದು ಗುಡ್ಡಗಳು ಚೆಲುವಿನ ಲೆಕ್ಕಕ್ಕೆ ಸೇರುವಂತಿರಲಿಲ್ಲ. ಎಪ್ಪತ್ತು ವರ್ಷ ಕಳೆದ ಮೇಲೆ, 2021ರ ಜುಲೈಯಲ್ಲಿ, ಯುನೆಸ್ಕೊ ವಾಯವ್ಯ ವೇಲ್ಸ್‌ನ ಸ್ಲೇಟು ಭೂದೃಶ್ಯವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಅದರ ಆರು ಭಾಗಗಳಲ್ಲಿ ಫೆಸ್ಟಿನಿಯೋಗ್ ಒಂದು, ಗಣಿ, ಊರು, ಬಂದರಿಗೆ ಇಳಿಯುವ ರೈಲುದಾರಿ ಎಲ್ಲ ಕೂಡಿ. ಅವೇ ಗುಡ್ಡಗಳು, ಒಂದು ಕಡತದಲ್ಲಿ ಕಳಂಕ, ಇನ್ನೊಂದರಲ್ಲಿ ಮನುಕುಲದ ಆಸ್ತಿ.

ಯಾವ ಕಡತ ಸರಿ ಎಂದು ತೀರ್ಮಾನಿಸಲು ಗಣಿಗಿಂತ ಮೊದಲು ಕಡಲಿನ ಕಡೆಗೆ ಹೋಗುವುದು ಒಳ್ಳೆಯದು, ಏಕೆಂದರೆ ನಿಸರ್ಗದ ಪರ ವಾದ ಅತ್ಯಂತ ಬಲವಾಗಿರುವುದು ಅಲ್ಲೇ. ಪೋರ್ತ್‌ಮಾಡೋಗ್ ಬಂದರಿನ ಪಕ್ಕದ ‘ಕಾಬ್’ ಎಂಬ ಒಡ್ಡಿನ ಮೇಲೆ ನಿಂತರೆ ಒಂದು ಕಡೆ ಅಳಿವೆ, ಇನ್ನೊಂದು ಕಡೆ ಹಸಿರು ಬಯಲು, ಅದರಾಚೆ ಸಾಲುಬೆಟ್ಟ, ಮೋಡ ಸರಿದರೆ ವೇಲ್ಸ್‌ನ ಅತಿ ಎತ್ತರದ ಸ್ನೋಡನ್ ಶಿಖರ. ವೇಲ್ಸ್‌ನ ಚೆಲುವು ಅಂದ ಕೂಡಲೇ ಅಚ್ಚಾಗುವ ಚಿತ್ರಗಳಲ್ಲಿ ಇದೂ ಒಂದು. ಆದರೆ ನೋಡುವವನ ಕಾಲಡಿಯ ನೆಲವೇ ಕಟ್ಟಿದ್ದು. ವಿಲಿಯಂ ಮ್ಯಾಡಕ್ಸ್ ಎಂಬ ಜಮೀನ್ದಾರ, ಪಾರ್ಲಿಮೆಂಟ್ ಸದಸ್ಯ, ಉಬ್ಬರದ ನೀರು ತಡೆದು ಕೃಷಿಭೂಮಿ ಪಡೆಯಲು 1811ರಲ್ಲಿ ಮುಗಿಸಿದ ಒಡ್ಡು ಅದು. ಮರುವರ್ಷವೇ ಬಿರುಗಾಳಿಗೆ ಒಡೆಯಿತು, ಮತ್ತೆ ಕಟ್ಟಿದರು. ಒಡ್ಡಿನಿಂದ ಪಕ್ಕಕ್ಕೆ ತಿರುಗಿದ ಗ್ಲಾಸ್ಲಿನ್ ನದಿ ತನ್ನ ಹರಿವಿನಿಂದಲೇ ಹೂಳು ಕೊರೆದು ಹಡಗು ನಿಲ್ಲುವಷ್ಟು ಆಳ ಮಾಡಿಕೊಟ್ಟಿತು. ಯಾರೂ ಯೋಜಿಸದೆ ಒದಗಿದ ಆ ಆಳವೇ ಬ್ಲೈನೈಯ ಸ್ಲೇಟಿಗೆ ಬಂದರಾಯಿತು. ಸಮುದ್ರದಿಂದ ಕಸಿದ ಆ ಬಯಲಿನಲ್ಲಿ 2004ರಿಂದ ಮೀನುಹದ್ದುಗಳು ಗೂಡು ಕಟ್ಟಿ ಮರಿ ಮಾಡುತ್ತಿವೆ. ಅವನ್ನು ನೋಡಲೆಂದೇ ಜನ ದುರ್ಬೀನು ಹಿಡಿದು ಬರುತ್ತಾರೆ. ಬಂದರಿನ ಎದುರಿಗೆ ಪೊದೆ ಬೆಳೆದ ಒಂದು ದಿಬ್ಬವಿದೆ. ಗೊತ್ತಿಲ್ಲದವರು ಪುಟ್ಟ ದ್ವೀಪವೆಂದೇ ತಿಳಿಯುತ್ತಾರೆ. ಸ್ಲೇಟು ಇಳಿಸಿ ಖಾಲಿಯಾಗಿ ಮರಳುವ ಹಡಗುಗಳು ಓಲಾಡದಿರಲೆಂದು ಪರದೇಶಗಳಿಂದ ತುಂಬಿಕೊಂಡು ಬಂದ ಕಲ್ಲುಗಳನ್ನು ಮತ್ತೆ ಸ್ಲೇಟು ಏರಿಸುವ ಮೊದಲು ಸುರಿದ ಜಾಗ ಅದು. ಎಲ್ಲಿನದೋ ಬಂಡೆ ಇಲ್ಲಿನ ದ್ವೀಪವಾಗಿದೆ.

ಅಲ್ಲಿಂದ ಬ್ಲೈನೈಗೆ ಏರುವ ಫೆಸ್ಟಿನಿಯೋಗ್ ರೈಲು ಪ್ರವಾಸಿಗರ ಕಣ್ಮಣಿ. ಓಕ್ ಮರಗಳ ನಡುವೆ ಬಳಸಿ ಬಳಸಿ ಏರುವ ಪುಟ್ಟ ಗಾಡಿ, ಕಿಟಕಿಯಾಚೆ ಕಣಿವೆ. ಆ ಬಳಸುದಾರಿಯ ಸೊಗಸಿಗೆ ಕಾರಣ ಲೆಕ್ಕಾಚಾರ. 1836ರಲ್ಲಿ ಶುರುವಾದಾಗ ಇಲ್ಲಿ ಎಂಜಿನ್ ಇರಲಿಲ್ಲ. ಎರಡು ಅಡಿಗಿಂತ ಕೂದಲೆಳೆ ಕಡಿಮೆ ಅಗಲದ ಹಳಿಯ ಮೇಲೆ ಸ್ಲೇಟು ತುಂಬಿದ ಗಾಡಿಗಳು ತಮ್ಮ ಭಾರಕ್ಕೆ ತಾವೇ ಇಪ್ಪತ್ತು ಕಿಲೋಮೀಟರಿಗೂ ಹೆಚ್ಚು ದೂರ ಇಳಿದು ಬರುತ್ತಿದ್ದವು. ಜೊತೆಗೊಂದು ಗಾಡಿಯಲ್ಲಿ ಕುದುರೆಗಳು ಮೇವು ತಿನ್ನುತ್ತ ಕೂತು ಬರುತ್ತಿದ್ದವು. ಖಾಲಿ ಗಾಡಿ ಮೇಲಕ್ಕೆ ಎಳೆಯುವುದು ಅವುಗಳ ಪಾಳಿ. ಇಳಿಜಾರು ಎಲ್ಲೂ ಕಡಿದಾಗದೆ, ಎಲ್ಲೂ ಚಪ್ಪಟೆಯಾಗದೆ ಒಂದೇ ಹದದಲ್ಲಿ ಇರಬೇಕಾದ್ದರಿಂದ ಹಳಿ ಬೆಟ್ಟದ ಮೈಯನ್ನು ಅಂಟಿಕೊಂಡೇ ಸಾಗಿತು. ಪ್ರವಾಸಿ ಮೆಚ್ಚುವ ತಿರುವುಗಳೆಲ್ಲ ಗುರುತ್ವಾಕರ್ಷಣೆಗೆ ಮಾಡಿಕೊಟ್ಟ ಅನುಕೂಲ. 1863ರಲ್ಲಿ ಉಗಿ ಎಂಜಿನ್ ಬಂತು. ಇಷ್ಟು ಕಿರಿದಾದ ಹಳಿಯ ಮೇಲೆ ಉಗಿಬಂಡಿ ಓಡಿಸಿ ಲಾಭ ಮಾಡಬಹುದೆಂದು ತೋರಿಸಿದ್ದರಿಂದ 1870ರ ಪರೀಕ್ಷಾ ಓಟ ನೋಡಲು ರಷ್ಯದಿಂದಲೂ ಎಂಜಿನಿಯರುಗಳು ಬಂದಿದ್ದರು. ಎರಡಡಿ ಹಳಿಯ ಡಾರ್ಜಿಲಿಂಗ್ ರೈಲಿಗೂ ದಾರಿ ತೋರಿದ್ದು ಇದೇ. ಇನ್ನು ಜೂನ್ ಹೊತ್ತಿಗೆ ಈ ಕಣಿವೆಗಳಲ್ಲಿ ನೇರಳೆ ಹೂ ತುಂಬಿ ನಿಲ್ಲುವ ರೋಡೋಡೆಂಡ್ರಾನ್ ಪೊದೆಗಳನ್ನು ಕಂಡು ಹಿಗ್ಗುವವರು ಬಹಳ. ಅದು ವೇಲ್ಸ್‌ನ ಗಿಡವೇ ಅಲ್ಲ. ಶ್ರೀಮಂತರು ತಮ್ಮ ಎಸ್ಟೇಟುಗಳ ಅಂದಕ್ಕೂ ಬೇಟೆಹಕ್ಕಿಗಳ ಮರೆಗೂ ತಂದು ನೆಟ್ಟದ್ದು. ಈಗ ಅಡಿಯಲ್ಲಿ ಮತ್ತೇನೂ ಬೆಳೆಯದಂತೆ ಹಬ್ಬಿ, ಕಿತ್ತಷ್ಟೂ ಚಿಗುರುವ ಪೀಡೆಯಾಗಿದೆ. ನಮ್ಮ ಕಾಡುಗಳಲ್ಲಿ ಲಂಟಾನ ಹಬ್ಬಿದ ಕಥೆಯನ್ನು ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಹೀಗೆ ನಿಸರ್ಗದ ಪಟ್ಟಿಯಿಂದ ಒಂದೊಂದಾಗಿ ಬಾಬತ್ತುಗಳು ಉದ್ಯಮದ ಪಟ್ಟಿಗೆ ಜಾರುತ್ತ ಹೋಗುತ್ತವೆ. ಬೆಥೆಸ್ಡ, ಡೈನಿಯೋಲೆನ್ ಕಡೆಯ ಬೆಟ್ಟದ ಇಳಿಜಾರುಗಳಲ್ಲಿ ಕಲ್ಲುಗೋಡೆ, ಸ್ಲೇಟುಬೇಲಿಗಳಿಂದ ಸುತ್ತುವರಿದ ಅಂಗೈಯಗಲದ ಹೊಲಗಳು ಕಾಣುತ್ತವೆ. ಅವು ಅನಾದಿ ಕಾಲದ ರೈತಾಪಿಯ ಕುರುಹುಗಳೆಂದು ನಂಬುವುದು ಸುಲಭ. ಆದರೆ ಅವುಗಳಲ್ಲಿ ಬಹಳಷ್ಟು, ಗಣಿಯಾಳುಗಳು ಕೂಲಿ ಸಾಲದೆ ಒಂದೆರಡು ಹಸು, ಒಂದಿಷ್ಟು ಆಲೂಗೆಡ್ಡೆಗಾಗಿ ಪಾಳುಗುಡ್ಡ ಹಸನು ಮಾಡಿಕೊಂಡ ತುಂಡುಗಳು.

ವಾದದ ಇನ್ನೊಂದು ಮಗ್ಗುಲು ಕಲ್ಲಿನೊಳಗೇ ಇದೆ. ಸ್ಲೇಟು ಮೂಲತಃ ಪುರಾತನ ಸಮುದ್ರದ ತಳದಲ್ಲಿ ಕೂತ ನುಣುಪು ಕೆಸರು. ಸುಮಾರು 40 ಕೋಟಿ ವರ್ಷಗಳ ಹಿಂದೆ ಭೂಖಂಡಗಳು ಒತ್ತರಿಸಿದಾಗ ಎರರಿಯ ಬಂಡೆಗಳೆಲ್ಲ ಮಡಿಚಿಕೊಂಡವು. ಅದೇ ಒತ್ತಡಕ್ಕೆ ಕೆಸರುಗಲ್ಲಿನ ಕಣಗಳು ಒತ್ತು ಬಂದ ದಿಕ್ಕಿಗೆ ಅಡ್ಡಲಾಗಿ ಸಾಲುಹಿಡಿದು ಮಲಗಿದವು. ಸ್ಲೇಟು ತೆಳ್ಳಗೆ ಸೀಳುವುದು ಈ ಸಾಲಿನಗುಂಟ, ಕೆಸರು ಕೂತ ಪದರದಗುಂಟ ಅಲ್ಲ. ಬೆಟ್ಟದ ರೂಪಕ್ಕೂ ಚಾವಣಿಯ ಹಲಗೆಗೂ ಕಾರಣವಾದದ್ದು ಒಂದೇ ಘಟನೆ. ಸ್ಲೇಟಿನ ಪಟ್ಟೆ ನೆಲದೊಳಗೆ ಯಾವ ಓರೆಯಲ್ಲಿ ಇಳಿದಿದೆ ಎಂಬುದರ ಮೇಲೆ ಗಣಿಯ ಆಕಾರ ನಿಂತಿತು. ಪೆನ್ರಿನ್, ಡಿನೋರ್ವಿಗ್ ಗಣಿಗಳಲ್ಲಿ ಅದು ಹೆಚ್ಚುಕಡಿಮೆ ನೆಟ್ಟಗೆ ನಿಂತಿದ್ದರಿಂದ ಬೆಟ್ಟವನ್ನೇ ಮೆಟ್ಟಿಲು ಮೆಟ್ಟಿಲಾಗಿ ಕಡಿದರು. ಬ್ಲೈನೈಯಲ್ಲಿ ಓರೆಯಾಗಿ ಒಳಕ್ಕೆ ಜಾರಿದ್ದರಿಂದ ಹಿಂಬಾಲಿಸಿ ನೆಲದೊಳಗೆ ಇಳಿದರು.

ಅಲ್ಲಿನ ಲೆಕ್ವೆದ್ ಗಣಿಗೆ ಈಗ ಇಳಿಯುವವರು ಹೆಲ್ಮೆಟ್ ತೊಟ್ಟು, ಕಡಿದಾದ ಹಳಿಯ ಮೇಲೆ ಹಗ್ಗ ಕಟ್ಟಿ ಬಿಡುವ ಗಾಡಿಯಲ್ಲಿ ಕೂರುತ್ತಾರೆ. ಕೆಳಗೆ ದೇವಾಲಯದಷ್ಟು ಎತ್ತರದ ಕಲ್ಲುಕೋಣೆಗಳು, ನಡುವೆ ಆಧಾರಕ್ಕೆಂದು ಬಿಟ್ಟ ಗೋಡೆಗಳು. ಮಾರ್ಗದರ್ಶಿ ದೀಪ ಆರಿಸಿದಾಗ ಕವಿಯುವ ಕತ್ತಲು ಎಲ್ಲರ ಬಾಯಲ್ಲೂ ಉಳಿಯುತ್ತದೆ. ಅದಕ್ಕಿಂತ ಮುಖ್ಯವಾಗಿ ಕೇಳಿ ತಿಳಿಯಬೇಕಾದ್ದು ಆ ಕತ್ತಲಲ್ಲಿ ನಡೆಯುತ್ತಿದ್ದ ಚೌಕಾಸಿಯ ವ್ಯವಹಾರವನ್ನು. ನಾಲ್ಕಾರು ಜನರ ಒಂದು ತಂಡಕ್ಕೆ ಒಂದು ಕೋಣೆ. ತಿಂಗಳಿಗೊಮ್ಮೆ ಮೇಲ್ವಿಚಾರಕ ಬಂದು ಬಂಡೆಯ ಗುಣ ನೋಡಿ ದರ ಗೊತ್ತುಮಾಡುವನು. ಬಂಡೆ ಒಳ್ಳೆಯದಿದ್ದರೆ ದರ ಕಡಿಮೆ, ಕೆಟ್ಟದಿದ್ದರೆ ಹೆಚ್ಚು. ಅವನಿಗೆ ಬೇಕಾದವರಿಗೆ ಒಂದು, ಬೇಡದವರಿಗೆ ಇನ್ನೊಂದು. ಮೇಣದಬತ್ತಿ, ಸಿಡಿಮದ್ದು ಎಲ್ಲ ಆಳಿನ ಖರ್ಚು. ಬಂಡೆಯ ಮುಖದಲ್ಲಿ ಕಾಲೂರಲು ಜಾಗವಿಲ್ಲದ ಕಡೆ ಅವನು ತೊಡೆಗೆ ಸರಪಳಿ ಸುತ್ತಿಕೊಂಡು ನೇತಾಡುತ್ತಲೇ ಕುಳಿ ಕೊರೆಯುತ್ತಿದ್ದ. ಮೇಲಿನ ಶೆಡ್ಡಿನಲ್ಲಿ ಸೀಳುವವನ ಕೆಲಸ. ತಗ್ಗು ಪೀಠದ ಮೇಲೆ ಕೂತು, ಕಲ್ಲಿನ ಫಲಕವನ್ನು ತೊಡೆಗೆ ಆನಿಸಿಕೊಂಡು, ಅಗಲ ಬಾಯಿಯ ತೆಳು ಉಳಿಯನ್ನು ಅಂಚಿಗಿಟ್ಟು ಕೊಡತಿಯಿಂದ ಮೆಲ್ಲಗೆ ತಟ್ಟುತ್ತಾನೆ. ಒಂದು ಬಿರುಕು ಕೂದಲಿನ ಹಾಗೆ ಓಡುತ್ತದೆ. ಉಳಿಯನ್ನು ತುಸು ಹೊರಳಿಸಿದರೆ ಫಲಕ ಎರಡಾಗುತ್ತದೆ. ಯಾವಾಗಲೂ ನಡುಮಧ್ಯಕ್ಕೇ ಸೀಳಬೇಕು, ಎರಡೂ ಬದಿಯ ದಪ್ಪ ಸಮವಿರದಿದ್ದರೆ ಬಿರುಕು ತೆಳುವಿನ ಕಡೆಗೆ ಓಡಿ ಹಲಗೆ ಹಾಳು. ಎರಡು ನಾಲ್ಕಾಗಿ, ನಾಲ್ಕು ಎಂಟಾಗಿ, ಕೊನೆಗೆ ಕೆಲವೇ ಮಿಲಿಮೀಟರ್ ದಪ್ಪದ ಹಲಗೆಗಳು. ಅಳತೆಗೆ ತಕ್ಕಂತೆ ಅವಕ್ಕೆ ರಾಣಿ, ಡಚೆಸ್, ಕೌಂಟೆಸ್ ಎಂಬ ಹೆಸರುಗಳು. ಹತ್ತಿರದ ನೆಂಟರಲ್ಲೂ ಅಂಥ ಹೆಂಗಸರಿಲ್ಲದ ಜನ ದಿನವಿಡೀ ಡಚೆಸ್‌ಗಳನ್ನು ಎಣಿಸಿ ಕಟ್ಟುತ್ತಿದ್ದರು.

ಒಂದು ಟನ್ ಹಲಗೆಗೆ ಹತ್ತು ಟನ್ನೋ ಅದಕ್ಕಿಂತ ಹೆಚ್ಚೋ ಕಲ್ಲು ವ್ಯರ್ಥವಾಗುತ್ತಿತ್ತು. ಬ್ಲೈನೈಯ ಬೂದು ಗುಡ್ಡಗಳು ಈ ಲೆಕ್ಕದ ಫಲ. ಹತ್ತೊಂಬತ್ತನೇ ಶತಮಾನದ ಕೊನೆಗೆ ಉತ್ತರ ವೇಲ್ಸ್ ವರ್ಷಕ್ಕೆ ಅರ್ಧ ಮಿಲಿಯನ್ ಟನ್ನಿನ ಆಸುಪಾಸು ಸ್ಲೇಟು ತೆಗೆಯುತ್ತಿತ್ತು, ಹದಿನೇಳು ಸಾವಿರ ಮಂದಿ ದುಡಿಯುತ್ತಿದ್ದರು. 1842ರಲ್ಲಿ ಹ್ಯಾಂಬರ್ಗ್ ನಗರ ಸುಟ್ಟಾಗ ಮತ್ತೆ ಕಟ್ಟಿದ ಮನೆಗಳಿಗೆ ಚಾವಣಿ ಹೋದದ್ದೂ ಇಲ್ಲಿಂದಲೇ.

ಇಲ್ಲಿ ಒಂದು ಗಟ್ಟಿಯಾದ ಆಕ್ಷೇಪ ಎದುರಾಗುತ್ತದೆ. ಕೈಗಾರಿಕೆಯೂ ಚೆಲುವಿನ ಭಾಗವೇ ಎಂದುಬಿಟ್ಟರೆ, ಅದು ಜನರನ್ನು ಕೊಂದ ಬಗೆಗೂ ಬಣ್ಣ ಬಳಿದಂತಾಗುವುದಿಲ್ಲವೇ? ಸ್ಲೇಟಿನ ಧೂಳು ಶ್ವಾಸಕೋಶಕ್ಕೆ ಹೊಕ್ಕು ಸಿಲಿಕೋಸಿಸ್ ತರುತ್ತಿತ್ತು. ಗಣಿ ಕಂಪನಿಗಳ ವೈದ್ಯರು ಧೂಳಿನ ಮೇಲೆ ತಪ್ಪು ಹೊರಿಸಲಿಲ್ಲ. ಆಳುಗಳು ಕುದಿಸಿ ಕುದಿಸಿ ಕುಡಿಯುವ ಕಡುಚಹಾ ಕೆಡುಕು ಎಂದರು. ಪರಿಹಾರದ ಕಾಯ್ದೆ ಬಂದದ್ದು 1979ರಲ್ಲಿ. ಅದೂ ಹೇಗೆ? ಬ್ರಿಟನ್ನಿನ ಪ್ರಧಾನಿ ಕ್ಯಾಲಹನ್ ಅವರ ಸರ್ಕಾರ ಅವಿಶ್ವಾಸ ಮತದ ಅಂಚಿನಲ್ಲಿ ತೂಗಾಡುತ್ತಿದ್ದಾಗ ವೇಲ್ಸ್‌ನ ಪ್ಲೈಡ್ ಕಮ್ರಿ ಪಕ್ಷದ ಮೂವರು ಸಂಸದರು ಗಣಿಯಾಳುಗಳ ಪರಿಹಾರವನ್ನು ಪಣಕ್ಕಿಟ್ಟು ಬೆಂಬಲ ಕೊಟ್ಟರು. ಸರ್ಕಾರ ಒಂದೇ ಮತದಿಂದ ಬಿತ್ತು, ಕಾಯ್ದೆ ಉಳಿಯಿತು. ಈ ಸಾವುಗಳನ್ನು ಮರೆತು ಗುಡ್ಡದ ಬೂದುಬಣ್ಣಕ್ಕೆ ಮಾರುಹೋಗುವುದು ನೀಚತನವೇ. ಆದರೆ ಈ ಆಕ್ಷೇಪ ಕಾರ್ಯಕ್ರಮ ಪಟ್ಟಿಯನ್ನು ಇಬ್ಭಾಗ ಮಾಡುವುದಕ್ಕೆ ಸಮರ್ಥನೆಯಾಗುವುದಿಲ್ಲ, ಅದರ ವಿರುದ್ಧವೇ ನಿಲ್ಲುತ್ತದೆ. ಸಂಕಟವನ್ನು ಬೆಳಗಿನ ಎರಡು ತಾಸುಗಳಿಗೆ ಕಟ್ಟಿಹಾಕಿ, ಮಧ್ಯಾಹ್ನದ ನೋಟಕ್ಕೆ ಅದರ ಸೋಂಕೇ ಇಲ್ಲವೆಂಬಂತೆ ನಡೆದುಕೊಳ್ಳುವುದರಲ್ಲೇ ಬಣ್ಣ ಬಳಿಯುವ ಕೆಲಸ ಇರುವುದು.

ಇದಕ್ಕೆ ಪೆನ್ರಿನ್ ಕೋಟೆಯಷ್ಟು ಒಳ್ಳೆಯ ಸಾಕ್ಷಿ ಬೇರಿಲ್ಲ. ಬ್ಯಾಂಗರ್ ಬಳಿ ಕಡಲಿಗೂ ಬೆಟ್ಟಕ್ಕೂ ನಡುವೆ ಮರಗಳ ಮೇಲೆ ತಲೆಯೆತ್ತಿ ನಿಂತ ಅದು ಪ್ರವಾಸದ ‘ಚೆಲುವಿನ ಮಧ್ಯಾಹ್ನ’ಕ್ಕೆ ಸೇರಿದ್ದು. ಮಧ್ಯಯುಗದ ಕೋಟೆಯಂತೆ ಕಾಣುವ ಅದನ್ನು ಕಟ್ಟಿದ್ದು ಹತ್ತೊಂಬತ್ತನೇ ಶತಮಾನದಲ್ಲಿ, ಸ್ಲೇಟುಗಣಿಯ ಒಡೆಯರು. ಆ ಮನೆತನದ ಹಣದ ಇನ್ನೊಂದು ಮೂಲ ಜಮೈಕಾದ ಕಬ್ಬಿನ ತೋಟಗಳು. ಗುಲಾಮಗಿರಿ ರದ್ದಾದಾಗ 764 ಗುಲಾಮರಿಗೆ ಪ್ರತಿಯಾಗಿ 14 ಸಾವಿರ ಪೌಂಡಿಗೂ ಮಿಕ್ಕ ಪರಿಹಾರ ಸಂದಾಯವಾಯಿತು, ಗುಲಾಮರಿಗಲ್ಲ, ಒಡೆಯನಿಗೆ. ಅದೇ ಮನೆತನದ ಗಣಿಯಲ್ಲಿ 1900ರ ನವೆಂಬರಿನಲ್ಲಿ 2,800 ಮಂದಿ ಕೆಲಸ ಬಿಟ್ಟು ಹೊರನಡೆದರು. ಮೂರು ವರ್ಷ ನಡೆದ ಆ ಹೋರಾಟ ಸೋಲಿನಲ್ಲಿ ಮುಗಿಯಿತು. ನಡುವೆ ಕೆಲಸಕ್ಕೆ ಮರಳಿದವರೂ ಮರಳದವರೂ ಅಕ್ಕಪಕ್ಕದ ಮನೆಯವರು. ಈ ಮನೆಯಲ್ಲಿ ದ್ರೋಹಿ ಯಾರೂ ಇಲ್ಲ ಎಂಬ ವೆಲ್ಷ್ ಫಲಕಗಳು ಗಣಿಯ ಪಕ್ಕದ ಊರಾದ ಬೆಥೆಸ್ಡದ ಕಿಟಕಿಗಳಲ್ಲಿ ತೂಗಿದವು. ಕಿಟಕಿಯಲ್ಲಿ ಫಲಕ ಇಲ್ಲದ ಮನೆ ಯಾವುದೆಂಬುದೂ ಅದರಿಂದಲೇ ಊರಿಗೆ ಗೊತ್ತಾಗುತ್ತಿತ್ತು.

ಇನ್ನೊಂದು ಆಕ್ಷೇಪ ಆಡಳಿತಗಾರರದು. ಗಡಿ ಎಲ್ಲಾದರೂ ಎಳೆಯಲೇಬೇಕು. ಗಣಿ ಇನ್ನೂ ನಡೆಯುತ್ತಿದ್ದ ಊರನ್ನು ಉದ್ಯಾನದ ನಿಯಮಗಳಿಗೆ ಸಿಕ್ಕಿಸಿದ್ದರೆ ಅಲ್ಲಿನವರ ಅನ್ನಕ್ಕೇ ಕುತ್ತಾಗುತ್ತಿತ್ತು ಎಂಬುದು. ಈ ಮಾತಿನಲ್ಲಿ ಹುರುಳಿದೆ, ಹೊರಗುಳಿದದ್ದು ಬ್ಲೈನೈಗೆ ಕೆಲವು ವಿಷಯಗಳಲ್ಲಿ ಅನುಕೂಲವೇ ಆಗಿದ್ದೀತು. ಆದರೆ ಕೈಗಾರಿಕೆಯನ್ನು ಹೊರಗಿಡುವುದೇ ನಿಯಮವಾಗಿದ್ದರೆ ಅದನ್ನು ಎಲ್ಲ ಕಡೆ ಪಾಲಿಸಬೇಕಿತ್ತು. ಬ್ಲೈನೈಯಿಂದ ದಕ್ಷಿಣಕ್ಕೆ ಹೆಚ್ಚು ದೂರವಿಲ್ಲದ ಟ್ರೌಸ್‌ವನಿದ್‌ನಲ್ಲಿ, ಉದ್ಯಾನದ ಗಡಿಯೊಳಗೇ, 1965ರಿಂದ 1991ರವರೆಗೆ ಅಣುವಿದ್ಯುತ್ ಸ್ಥಾವರ ನಡೆಯಿತು. ಹೆಸರಾಂತ ವಾಸ್ತುಶಿಲ್ಪಿ ಬೇಸಿಲ್ ಸ್ಪೆನ್ಸ್ ಅದರ ಕಟ್ಟಡ ರೂಪಿಸಿದರು. ಸುತ್ತಲ ನೆಲದ ವಿನ್ಯಾಸಕ್ಕೆ ಸಿಲ್ವಿಯಾ ಕ್ರೋ ಅವರನ್ನು ನೇಮಿಸಿದರು. ಅದರ ಯಂತ್ರ ತಣಿಸಿದ ಕೆರೆಯೂ ಸಹಜ ಕೆರೆಯಲ್ಲ, 1920ರ ದಶಕದಲ್ಲಿ ಜಲವಿದ್ಯುತ್ತಿಗಾಗಿ ಕಟ್ಟಿದ್ದು. ಅಂದರೆ ದೊಡ್ಡ ಹೆಸರಿನವರು ಗೆರೆ ಎಳೆದು ಕಟ್ಟಿದ ರಿಯಾಕ್ಟರ್ ಭೂದೃಶ್ಯಕ್ಕೆ ಸಲ್ಲಬಹುದು, ಮೂರು ತಲೆಮಾರಿನ ಕೂಲಿಯವರು ಸುರಿದ ಕಲ್ಲು ಸಲ್ಲದು.

ಡಿನೋರ್ವಿಗ್‌ನಲ್ಲಿ ಇದೇ ಮನೋಭಾವ ಬೇರೊಂದು ದಾರಿ ಹಿಡಿಯಿತು. ಮೂರು ಸಾವಿರ ಮಂದಿಗೆ ಕೆಲಸ ಕೊಟ್ಟಿದ್ದ ಆ ಗಣಿ 1969ರಲ್ಲಿ ಮುಚ್ಚಿತು. ಐದು ವರ್ಷದೊಳಗೆ ಅದೇ ಬೆಟ್ಟದ ಹೊಟ್ಟೆಯೊಳಗೆ ಪಂಪ್ಡ್ ಸ್ಟೋರೇಜ್ ವಿದ್ಯುದಾಗಾರದ ಕೆಲಸ ಶುರುವಾಯಿತು; 1984ರಲ್ಲಿ ಮುಗಿಯಿತು. ಶರಾವತಿ ಕಣಿವೆಯ ಯೋಜನೆಯ ವಾದವಿವಾದದಿಂದ ಈ ತಂತ್ರ ಕನ್ನಡಿಗರಿಗೆ ಪರಿಚಿತ: ವಿದ್ಯುತ್ತು ಅಗ್ಗವಿರುವಾಗ ಕೆಳಗಿನ ಕೆರೆಯ ನೀರನ್ನು ಮೇಲಕ್ಕೆತ್ತುವುದು, ಬೇಡಿಕೆ ಏರಿದಾಗ ಕೆಳಕ್ಕೆ ಬಿಟ್ಟು ವಿದ್ಯುತ್ತು ಮಾಡುವುದು. ಡಿನೋರ್ವಿಗ್‌ನ ಸಾಮರ್ಥ್ಯ 1,700 ಮೆಗಾವ್ಯಾಟಿಗೂ ಹೆಚ್ಚು, ಸುರಂಗಗಳ ಉದ್ದ ಹದಿನಾರು ಕಿಲೋಮೀಟರ್. ಪಕ್ಕದಲ್ಲೇ ರಾಷ್ಟ್ರೀಯ ಉದ್ಯಾನ ಇದ್ದುದರಿಂದ ಯಂತ್ರಾಗಾರವನ್ನಷ್ಟೇ ಅಲ್ಲ, ಹೊರಹೋಗುವ ವಿದ್ಯುತ್ ಕೇಬಲನ್ನೂ ಹತ್ತು ಕಿಲೋಮೀಟರಿನಷ್ಟು ದೂರ ನೆಲದಡಿ ಹೂತರು. ಲಾನ್‌ಬೆರಿಸ್ ಕೆರೆದಂಡೆಯಲ್ಲಿ ನಿಂತವರಿಗೆ ಕಾಣುವುದು ಪಾಳುಬಿದ್ದ ಗಣಿಯ ಮೆಟ್ಟಿಲುಗಳು. ಅವರು ಅದನ್ನು ಗತಕಾಲ ಎಂದುಕೊಳ್ಳುವಾಗ ಒಳಗೆ ವರ್ತಮಾನದ ಉದ್ಯಮ ಭರ್ತಿ ನಡೆದಿರುತ್ತದೆ. ಬಚ್ಚಿಟ್ಟದ್ದು ತಪ್ಪೆಂದು ಹೇಳುವುದು ಕಷ್ಟ. ಮಾರ್ಗದರ್ಶಿ ಅದನ್ನು ಹೇಳದೆ ಮುಂದೆ ಸಾಗಿದರೆ ಮಾತ್ರ ತಪ್ಪು.

ಉಳಿದದ್ದು ಜಾತ್ರೆಯ ಗದ್ದಲದ ಆಕ್ಷೇಪ. ಪೆನ್ರಿನ್ ಗಣಿಯ ಮೇಲೆ ತಂತಿಗೆ ಜೋತುಬಿದ್ದು ಹಾರುವ ಜಿಪ್‌ಲೈನ್ ಇದೆ, ಬ್ಲೈನೈಯ ಕಲ್ಲುಕೋಣೆಗಳಲ್ಲಿ ಬಲೆ ಕಟ್ಟಿ ಕುಣಿದಾಡುವ ಆಟವಿದೆ. ಇದರಿಂದ ಪರಂಪರೆ ಅಗ್ಗವಾಯಿತೆಂದು ಮೂಗು ಮುರಿಯುವವರಿದ್ದಾರೆ. ಒಂದು ಕಾಲಕ್ಕೆ ಹನ್ನೊಂದು ಸಾವಿರ ದಾಟಿದ್ದ ಬ್ಲೈನೈಯ ಜನಸಂಖ್ಯೆ ಈಗ ಅದರ ಅರ್ಧವೂ ಇಲ್ಲ. ಅಲ್ಲಿನ ಹುಡುಗರಿಗೆ ಊರಲ್ಲೇ ಸಂಬಳ ಸಿಗುವುದಾದರೆ ಮೂಗು ಮುರಿಯುವ ಹಕ್ಕು ಹೊರಗಿನವರಿಗೆ ಅಷ್ಟಾಗಿ ಇಲ್ಲವೆಂದೇ ತೋರುತ್ತದೆ. ಆಮೇಲೆ, ಗಣಿಯ ಕೋಣೆಗಳು ಎಂದೂ ಒಂದೇ ಕೆಲಸಕ್ಕೆ ಮೀಸಲಾಗಿರಲಿಲ್ಲ. ಎರಡನೇ ಮಹಾಯುದ್ಧದಲ್ಲಿ ಲಂಡನ್ನಿನ ನ್ಯಾಷನಲ್ ಗ್ಯಾಲರಿಯ ಚಿತ್ರಗಳನ್ನು ಬಾಂಬುಗಳಿಂದ ಕಾಪಾಡಲು ಇಟ್ಟದ್ದು ಬ್ಲೈನೈ ಬಳಿಯ ಮಾನೊದ್ ಗಣಿಯಲ್ಲಿ. ಕುದುರೆಯೇರಿದ ಮೊದಲನೇ ಚಾರ್ಲ್ಸ್ ದೊರೆಯ ವ್ಯಾನ್ ಡೈಕ್ ಚಿತ್ರ ಎಷ್ಟು ದೊಡ್ಡದೆಂದರೆ ಅದನ್ನು ತರಲು ದಾರಿಯ ಸೇತುವೆಯ ಕೆಳಗೆ ರಸ್ತೆಯನ್ನೇ ತಗ್ಗಿಸಬೇಕಾಯಿತು.

ಹಾಗಿದ್ದರೆ ಒಂದೇ ದಿನ ಇರುವವರು ಏನು ಮಾಡಬೇಕು? ಸ್ಥಳಗಳ ಪಟ್ಟಿ ಬದಲಿಸುವುದು ಬೇಡ, ದಿಕ್ಕು ಬದಲಿಸಿದರೆ ಸಾಕು. ಬಹಳ ಮಂದಿ ಪೋರ್ತ್‌ಮಾಡೋಗ್‌ನಿಂದ ಪುಟ್ಟ ರೈಲು ಹತ್ತಿ ಮೇಲೇರಿ, ಸ್ವಲ್ಪ ಸುತ್ತಾಡಿ, ಅದರಲ್ಲೇ ಇಳಿದು ಬರುತ್ತಾರೆ. ಸ್ಲೇಟು ಹೋದ ದಾರಿ ಮೇಲಿನಿಂದ ಕೆಳಕ್ಕೆ. ಉತ್ತರ ಕರಾವಳಿಯ ಲಾಂಡಡ್ನೊ ಜಂಕ್ಷನ್‌ನಲ್ಲಿ ಸಾಮಾನ್ಯ ರೈಲು ಹತ್ತಿದರೆ ಅದು ಕಾನ್ವಿ ಕಣಿವೆಯ ಹಸಿರಿನಲ್ಲಿ ಸಾಗಿ, ಕೊನೆಗೆ ಮೂರು ಕಿಲೋಮೀಟರಿಗೂ ಉದ್ದದ ಸುರಂಗ ಹೊಕ್ಕು, ಹೊರಬರುವಾಗ ನೇರ ಬ್ಲೈನೈಯ ಕಲ್ಲುಗುಡ್ಡಗಳ ನಡುವೆ ಬರುತ್ತದೆ. ನಕ್ಷೆಯ ಆ ತೂತಿನ ಅಂಚನ್ನು ದಾಟುವುದು ಆ ಕತ್ತಲಲ್ಲೇ. ಮಧ್ಯಾಹ್ನದವರೆಗೆ ಗಣಿ, ಆಮೇಲೆ ಅದೇ ನಿಲ್ದಾಣದಿಂದ ಪುಟ್ಟ ರೈಲಿನಲ್ಲಿ ಬಂದರಿಗೆ ಇಳಿಯಬಹುದು. ಹತ್ತಿದ ಸ್ವಲ್ಪ ಹೊತ್ತಿಗೇ ಟ್ಯಾನಗ್ರಿಶ್ಯಾದ ಜಲಾಶಯ ಸಿಗುತ್ತದೆ, ಅದು 1960ರ ದಶಕದಲ್ಲಿ ಹಳೆಯ ಹಳಿಯನ್ನು ಮುಳುಗಿಸಿತ್ತು. ರೈಲನ್ನು ಮತ್ತೆ ಬ್ಲೈನೈಗೆ ತರಲು ಸ್ವಯಂಸೇವಕರು ವರ್ಷಗಟ್ಟಲೆ ಬಂಡೆ ಕಡಿದು ಹೊಸ ದಾರಿ ಮಾಡಿದರು, 1982ರಲ್ಲಿ ತಲುಪಿದರು. ಚಳಿಗಾಲದಲ್ಲಿ ಪುಟ್ಟ ರೈಲು ಓಡುವ ದಿನಗಳು ಕಡಿಮೆ, ಎರಡೂ ರೈಲುಗಳ ವೇಳೆ ಹೊಂದುವುದೂ ಖಾತ್ರಿಯಿಲ್ಲ. ಹೊರಡುವ ಮೊದಲು ವೇಳಾಪಟ್ಟಿ ನೋಡಿಕೊಳ್ಳಬೇಕು. ಹೊಂದದಿದ್ದರೆ ಬಸ್ಸಿದೆ, ಅದೂ ಕಣಿವೆ ಇಳಿದೇ ಕಾಬ್ ಸೇರುತ್ತದೆ.